ಟೆಕ್ನೋಕ್ರಾಟ್ ಎಂದು ಯಾರನ್ನು ಕರೆಯಬೇಕು?

2019ರ ಮೇ 30ರಂದು ಕೇಂದ್ರ ಸಂಪುಟದ ಸಚಿವರಾಗಿ ಪ್ರಮಾಣವಚನ ಸ್ವೀಕರಿಸಿದಾಗ ಎಸ್. ಜೈಶಂಕರ್ ಲೋಕಸಭೆಯಲ್ಲೂ ಇರಲಿಲ್ಲ, ರಾಜ್ಯಸಭೆಯಲ್ಲೂ ಇರಲಿಲ್ಲ. ಅದರ ಹಿಂದಿನ ವರ್ಷವಷ್ಟೇ ವಿದೇಶಾಂಗ ಕಾರ್ಯದರ್ಶಿ ಹುದ್ದೆಯಿಂದ ನಿವೃತ್ತರಾಗಿದ್ದವರು, ತಾವು ಅಧಿಕಾರಿಯಾಗಿ ನಡೆಸಿದ್ದ ಅದೇ ಇಲಾಖೆಗೆ ಸಚಿವರಾಗಿ ಮರಳಿದರು. ರಾಜ್ಯಸಭೆಗೆ ಗುಜರಾತಿನಿಂದ ಆಯ್ಕೆಯಾದದ್ದು ಆಮೇಲೆ, ಜುಲೈ ತಿಂಗಳಲ್ಲಿ. ಇಂಥವರು ಸಂಪುಟ ಸೇರಿದಾಗಲೆಲ್ಲ ಟಿ.ವಿ. ಚರ್ಚೆಗಳಲ್ಲಿ, ಪತ್ರಿಕೆಗಳ ವಿಶ್ಲೇಷಣೆಗಳಲ್ಲಿ ಒಂದು ಪದ ಓಡಾಡತೊಡಗುತ್ತದೆ: ಟೆಕ್ನೋಕ್ರಾಟ್. ಕೆಎಎಸ್, ಐಎಎಸ್ ಪರೀಕ್ಷೆಗೆ ಓದುವ ಹುಡುಗ ಹುಡುಗಿಯರ ನೋಟ್ಸಿನಲ್ಲೂ ಅದು ಇದೆ. ಆದರೆ ಒಬ್ಬೊಬ್ಬರ ಬಾಯಲ್ಲಿ ಅದಕ್ಕೆ ಒಂದೊಂದು ಅರ್ಥ. ಕೆಲವರಿಗೆ ಟೆಕ್ನೋಕ್ರಾಟ್ ಎಂದರೆ ಎಂಜಿನಿಯರ್, ಕೆಲವರಿಗೆ ಸಾಫ್ಟ್‌ವೇರ್ ಕಂಪನಿಯ ಮುಖ್ಯಸ್ಥ, ಇನ್ನು ಕೆಲವರಿಗೆ ಕೈ ಶುದ್ಧವಾಗಿರುವ ಐಎಎಸ್ ಅಧಿಕಾರಿ. ಇವುಗಳಲ್ಲಿ ಯಾವುದೂ ಪೂರ್ತಿ ಸರಿಯಲ್ಲ.

ಒಂದು ವಿಷಯದಲ್ಲಿ ಗಳಿಸಿದ ಪರಿಣತಿಯ ಕಾರಣಕ್ಕೇ, ಜನರ ಬಳಿ ಮತ ಕೇಳದೆ, ಸರ್ಕಾರದಲ್ಲಿ ನಿರ್ಧಾರ ಮಾಡುವ ಅಧಿಕಾರ ಪಡೆದವರು ಟೆಕ್ನೋಕ್ರಾಟ್. ಪರಿಣತಿ ಇದ್ದು ಅಧಿಕಾರ ಇಲ್ಲದವರಿಗೆ ಈ ಪದ ಸಲ್ಲುವುದಿಲ್ಲ, ಅಧಿಕಾರ ಇದ್ದು ಪರಿಣತಿ ಇಲ್ಲದವರಿಗೂ ಸಲ್ಲುವುದಿಲ್ಲ. ಆ ಪರಿಣತಿಯೇ ಆ ಅಧಿಕಾರಕ್ಕೆ ದಾರಿಯಾಗಿರಬೇಕು.

ವ್ಯತ್ಯಾಸ ಎಲ್ಲಿದೆ ಎಂದು ತಿಳಿಯಲು ಲೋಕೋಪಯೋಗಿ ಇಲಾಖೆಯ ಒಂದು ಕಡತವನ್ನು ಬಿಚ್ಚಿ ನೋಡಬಹುದು. ಯಾವುದೋ ಹಳ್ಳಕ್ಕೆ ಸೇತುವೆ ಆಗಬೇಕು ಎಂದುಕೊಳ್ಳಿ. ಎಂಜಿನಿಯರುಗಳು ಸ್ಥಳ ನೋಡಿ, ಮಣ್ಣು ಪರೀಕ್ಷೆ ಮಾಡಿಸಿ, ಇಲಾಖೆಯ ದರಪಟ್ಟಿ ಹಿಡಿದು ಅಂದಾಜು ಪಟ್ಟಿ ತಯಾರಿಸುತ್ತಾರೆ. ಅದಕ್ಕೆ ಎರಡು ಬಗೆಯ ಒಪ್ಪಿಗೆ ಬೇಕು. ಈ ಸೇತುವೆ ಬೇಕು, ಇದಕ್ಕೆ ಇಷ್ಟು ದುಡ್ಡು ಕೊಡಬಹುದು ಎಂದು ಸರ್ಕಾರ ಹೇಳುವುದು ಆಡಳಿತಾತ್ಮಕ ಅನುಮೋದನೆ. ವಿನ್ಯಾಸ ಸರಿಯಿದೆ, ಲೆಕ್ಕ ಸರಿಯಿದೆ, ಕಟ್ಟಿದರೆ ನಿಲ್ಲುತ್ತದೆ ಎಂದು ಎಂಜಿನಿಯರ್ ಹೇಳುವುದು ತಾಂತ್ರಿಕ ಮಂಜೂರಾತಿ. ಮೊತ್ತ ಏರಿದಂತೆಲ್ಲ ಈ ಎರಡನೆಯ ಸಹಿ ಕಾರ್ಯಪಾಲಕ ಎಂಜಿನಿಯರ್ ಮೇಜಿನಿಂದ ಮುಖ್ಯ ಎಂಜಿನಿಯರ್ ಮೇಜಿನವರೆಗೂ ಹೋಗುತ್ತದೆ. ನಿಲ್ಲುತ್ತದೆಯೇ ಎಂಬ ಪ್ರಶ್ನೆಗೆ ತಜ್ಞರು ಉತ್ತರ ಕೊಡುತ್ತಾರೆ, ಬೇಕೇ ಎಂಬ ಪ್ರಶ್ನೆಗೆ ಸರ್ಕಾರ. ಪಕ್ಕದೂರಿನ ಶಾಲೆಗೆ ಕೊಠಡಿ ಕಟ್ಟಿಸುವುದು ಬಿಟ್ಟು ಈ ಹಳ್ಳಕ್ಕೇ ಯಾಕೆ ದುಡ್ಡು ಹಾಕಬೇಕು ಎಂಬುದನ್ನು ಮಣ್ಣು ಪರೀಕ್ಷೆಯ ವರದಿ ಹೇಳಲಾರದು.

ಈ ಎರಡೂ ಸಹಿಗಳು ಒಂದೇ ಪೆನ್ನಿನಿಂದ ಬೀಳುವಂತಾದರೆ ಆ ಪೆನ್ನು ಹಿಡಿದವರು ಟೆಕ್ನೋಕ್ರಾಟ್. ಮುಖ್ಯ ಎಂಜಿನಿಯರ್ ಎಷ್ಟೇ ದೊಡ್ಡ ಪರಿಣತರಾಗಿರಲಿ, ಆ ಹುದ್ದೆಯಲ್ಲಿ ಇರುವವರೆಗೆ ಅವರು ತಜ್ಞರು. ಅದೇ ಪರಿಣತಿಯ ಬಲದಿಂದ ಅವರನ್ನು ಇಲಾಖೆಯ ಕಾರ್ಯದರ್ಶಿ ಮಾಡಿದರೆ, ಸಚಿವರನ್ನಾಗಿ ಮಾಡಿದರೆ, ಆಗ ಪದ ಬದಲಾಗುತ್ತದೆ.

ಪದದ ಬೇರು ಗ್ರೀಕ್ ಭಾಷೆಯಲ್ಲಿದೆ. ‘ಟೆಕ್ನೆ’ ಎಂದರೆ ಕಸುಬು, ಕುಶಲತೆ. ‘ಕ್ರಾಟೋಸ್’ ಎಂದರೆ ಬಲ, ಆಳ್ವಿಕೆ. ಡೆಮಾಕ್ರಸಿಯ ಬಾಲದಲ್ಲಿರುವುದೂ ಇದೇ ಕ್ರಾಟೋಸ್. ಕ್ಯಾಲಿಫೋರ್ನಿಯಾದ ಬರ್ಕ್ಲಿಯಲ್ಲಿದ್ದ ಎಂಜಿನಿಯರ್ ವಿಲಿಯಂ ಹೆನ್ರಿ ಸ್ಮಿತ್ 1919ರಲ್ಲಿ ಬರೆದ ಲೇಖನಗಳಿಂದ ‘ಟೆಕ್ನಾಕ್ರಸಿ’ ಚಲಾವಣೆಗೆ ಬಂತು. ಸ್ಮಿತ್ ಮನಸ್ಸಿನಲ್ಲಿದ್ದ ಅರ್ಥ ಇಂದಿನದಕ್ಕಿಂತ ಮೃದುವಾದದ್ದು: ಆಳುವವರು ಜನರೇ, ವಿಜ್ಞಾನಿಗಳು, ಎಂಜಿನಿಯರುಗಳು ಅವರ ಸೇವಕರಾಗಿ ಆ ಆಳ್ವಿಕೆಯನ್ನು ಕಾರ್ಯಕ್ಕೆ ಇಳಿಸುವವರು. ಹತ್ತು ಹನ್ನೆರಡು ವರ್ಷ ಕಳೆಯುವುದರೊಳಗೆ ಅಮೆರಿಕದಲ್ಲಿ ಮಹಾ ಆರ್ಥಿಕ ಕುಸಿತ ಬಂತು, ಹೋವರ್ಡ್ ಸ್ಕಾಟ್ ಎಂಬವರು ಅದೇ ಪದವನ್ನು ಹಿಡಿದು ಒಂದು ಚಳವಳಿಯನ್ನೇ ಕಟ್ಟಿದರು. ಹಣ, ಬೆಲೆ, ಪಕ್ಷ ರಾಜಕೀಯ ಎಲ್ಲವನ್ನೂ ತೆಗೆದುಹಾಕಿ, ವಸ್ತು ತಯಾರಿಸಲು ತಗಲುವ ಶಕ್ತಿಯ ಲೆಕ್ಕದಲ್ಲಿ ಎಲ್ಲವನ್ನೂ ಹಂಚಬೇಕು, ದೇಶವನ್ನು ಎಂಜಿನಿಯರುಗಳು ನಡೆಸಬೇಕು ಎಂದರು. ಸದಸ್ಯರು ಬೂದು ಬಣ್ಣದ ಸೂಟು ತೊಟ್ಟು ಓಡಾಡುತ್ತಿದ್ದರು. ಎರಡನೆಯ ಮಹಾಯುದ್ಧದ ಹೊತ್ತಿಗೆ, 1940ರಲ್ಲಿ, ಕೆನಡಾ ಸರ್ಕಾರ ಈ ಸಂಘಟನೆಯನ್ನು ಕೆಲ ಕಾಲ ನಿಷೇಧಿಸಿತ್ತು ಕೂಡ. ಚಳವಳಿ ಕರಗಿತು, ಪದ ಉಳಿಯಿತು. ಜನ ಅದನ್ನು ಹೊಗಳಿಕೆಗೂ ಬೈಗುಳಕ್ಕೂ ಬಳಸುವುದು ಶುರುವಾದದ್ದು ಆಗಿನಿಂದಲೇ.

ಸ್ಮಿತ್ ಆ ಲೇಖನಗಳನ್ನು ಬರೆಯುವುದಕ್ಕೆ ಏಳು ವರ್ಷ ಮೊದಲೇ ಮೈಸೂರಿನಲ್ಲಿ ಆ ಪದಕ್ಕೆ ಸರಿಯಾಗಿ ಹೊಂದುವ ವ್ಯಕ್ತಿ ಆಡಳಿತ ವಹಿಸಿಕೊಂಡಾಗಿತ್ತು. ಮೋಕ್ಷಗುಂಡಂ ವಿಶ್ವೇಶ್ವರಯ್ಯನವರು ಮುಂಬೈ ಪ್ರಾಂತದ ಲೋಕೋಪಯೋಗಿ ಇಲಾಖೆಯಲ್ಲಿ ಹೆಸರು ಮಾಡಿದವರು. ಪುಣೆಯ ಹತ್ತಿರ ಖಡಕ್‌ವಾಸ್ಲಾ ಜಲಾಶಯಕ್ಕೆ ತಾನಾಗಿಯೇ ತೆರೆದುಕೊಳ್ಳುವ ಗೇಟುಗಳನ್ನು ಅಳವಡಿಸಿದವರು. 1909ರಲ್ಲಿ ಮೈಸೂರು ಸಂಸ್ಥಾನದ ಮುಖ್ಯ ಎಂಜಿನಿಯರ್ ಆದರು. ಕನ್ನಂಬಾಡಿ ಕಟ್ಟೆಯ ಯೋಜನೆಯನ್ನು ಆ ಹುದ್ದೆಯಲ್ಲಿದ್ದುಕೊಂಡೇ ಮುಂದಿಟ್ಟರು, 1911ರಲ್ಲಿ ಕೆಲಸ ಆರಂಭವಾಯಿತು. ಆ ಹಂತದಲ್ಲಿ ಅವರು ಯೋಜನೆ ಬರೆದು, ವಾದಿಸಿ, ಮಂಜೂರಾತಿಗೆ ಕಾಯಬೇಕಿದ್ದ ತಜ್ಞರು. 1912ರಲ್ಲಿ ನಾಲ್ವಡಿ ಕೃಷ್ಣರಾಜ ಒಡೆಯರು ಅವರನ್ನೇ ದಿವಾನರನ್ನಾಗಿ ಮಾಡಿದರು. ಬೇಡುವ ಕೈ ಮಂಜೂರು ಮಾಡುವ ಕೈಯಾಯಿತು.

ಅದರ ಫಲ ನಮ್ಮ ಕಣ್ಣೆದುರಿಗೇ ಇದೆ. 1913ರಲ್ಲಿ ಮೈಸೂರು ಬ್ಯಾಂಕ್, 1916ರಲ್ಲಿ ಮೈಸೂರು ವಿಶ್ವವಿದ್ಯಾಲಯ, ಗಂಧದೆಣ್ಣೆ ಕಾರ್ಖಾನೆ, ಭದ್ರಾವತಿಯ ಕಬ್ಬಿಣದ ಕಾರ್ಖಾನೆಯ ಸಿದ್ಧತೆ, ಎಲ್ಲವೂ ಆರು ವರ್ಷದ ದಿವಾನಗಿರಿಯಲ್ಲಿ. ಇಷ್ಟು ಕಡಿಮೆ ಅವಧಿಯಲ್ಲಿ ಇಷ್ಟು ಸಂಸ್ಥೆಗಳನ್ನು ಬೇರೂರಿಸಿದ ಇನ್ನೊಬ್ಬ ಆಡಳಿತಗಾರರನ್ನು ಕರ್ನಾಟಕದ ಚರಿತ್ರೆಯಲ್ಲಿ ಹುಡುಕುವುದು ಕಷ್ಟ ಎಂದೇ ನನ್ನ ನಂಬಿಕೆ. ಮಂಡ್ಯದ ಕಬ್ಬಿನ ಗದ್ದೆಗಳ ನಡುವೆ ಹೋಗುವವರಿಗೆ ಈ ಮಾತನ್ನು ವಿವರಿಸಬೇಕಾಗಿಲ್ಲ.

ಆದರೆ ದಿವಾನರು ಯಾರಿಗೆ ಉತ್ತರ ಕೊಡಬೇಕಿತ್ತು? ಮೈಸೂರಿನಲ್ಲಿ 1881ರಿಂದಲೇ ಪ್ರಜಾಪ್ರತಿನಿಧಿ ಸಭೆ ಇತ್ತು. ಸದಸ್ಯರು ಅಹವಾಲು ಹೇಳಬಹುದಿತ್ತು, ಸಲಹೆ ಕೊಡಬಹುದಿತ್ತು, ದಿವಾನರನ್ನು ಇಳಿಸಲು ಮಾತ್ರ ಆಗುತ್ತಿರಲಿಲ್ಲ. ದಿವಾನರು ಮಹಾರಾಜರಿಗಷ್ಟೇ ಹೊಣೆ. ಈ ವ್ಯವಸ್ಥೆಯ ಬಿರುಕು 1918ರಲ್ಲಿ ಕಾಣಿಸಿತು. ಸಂಸ್ಥಾನದ ನೌಕರಿಗಳಲ್ಲಿ ಬ್ರಾಹ್ಮಣರೇ ತುಂಬಿದ್ದಾರೆ, ಉಳಿದ ಸಮುದಾಯಗಳಿಗೂ ಪಾಲು ಬೇಕು ಎಂಬ ಬೇಡಿಕೆ ಬಲವಾಯಿತು. ಮಹಾರಾಜರು ಮುಖ್ಯ ನ್ಯಾಯಾಧೀಶ ಲೆಸ್ಲಿ ಮಿಲ್ಲರ್ ಅಧ್ಯಕ್ಷತೆಯಲ್ಲಿ ಸಮಿತಿ ನೇಮಿಸಿದರು. ಅರ್ಹತೆಯನ್ನು ಸಡಿಲಿಸಿದರೆ ಆಡಳಿತದ ದಕ್ಷತೆ ಕುಸಿಯುತ್ತದೆ ಎಂಬುದು ವಿಶ್ವೇಶ್ವರಯ್ಯನವರ ನಿಲುವು. ಆ ವರ್ಷದ ಕೊನೆಯಲ್ಲಿ ಅವರು ಅಧಿಕಾರದಿಂದ ಹೊರಬಂದರು, ಮಿಲ್ಲರ್ ಸಮಿತಿ ಮುಂದಿನ ವರ್ಷ ಹಿಂದುಳಿದ ಸಮುದಾಯಗಳ ಪರವಾಗಿ ಶಿಫಾರಸು ಮಾಡಿತು.

ಇದನ್ನು ಒಬ್ಬ ವ್ಯಕ್ತಿಯ ಹಟ ಎಂದು ಓದಿದರೆ ವಿಷಯ ಕೈತಪ್ಪುತ್ತದೆ. ಪರಿಣತಿಯಿಂದಲೇ ಮೇಲೆ ಬಂದವರಿಗೆ ಪರಿಣತಿಯೇ ಎಲ್ಲದರ ಅಳತೆಗೋಲಾಗಿ ಕಾಣುವುದು ಸಹಜ. ಆದರೆ ಯಾರಿಗೆ ಎಷ್ಟು ಪಾಲು ಎಂಬುದು ಎಂಜಿನಿಯರಿಂಗ್ ಪ್ರಶ್ನೆಯಲ್ಲ. ಅಣೆಕಟ್ಟೆಯ ಎತ್ತರವನ್ನು ಲೆಕ್ಕ ಹಾಕಿ ನಿರ್ಧರಿಸಬಹುದು. ಆ ಎತ್ತರಕ್ಕೆ ಯಾರ ಹೊಲ ಮುಳುಗಬೇಕು, ನೀರು ಯಾರ ಗದ್ದೆಗೆ ಹೋಗಬೇಕು ಎಂಬುದರಲ್ಲಿ ಲೆಕ್ಕಕ್ಕೆ ಸಿಗದ ಆಯ್ಕೆ ಇರುತ್ತದೆ. ಕನ್ನಂಬಾಡಿ ಎಂಬ ಊರೇ ನೀರಿನಡಿ ಹೋಯಿತು. ಟೆಕ್ನೋಕ್ರಾಟ್ ಎಂಬ ಪದವನ್ನು ಹೊಗಳಿಕೆಯಾಗಿ ಬಳಸುವವರು ಈ ಆಯ್ಕೆಯನ್ನು ಮರೆಯುತ್ತಾರೆ, ಬೈಗುಳವಾಗಿ ಬಳಸುವವರು ಆ ಲೆಕ್ಕದ ಬೆಲೆಯನ್ನು ಮರೆಯುತ್ತಾರೆ.

ಸ್ವತಂತ್ರ ಭಾರತದಲ್ಲಿ ಈ ಎರಡು ಸಹಿಗಳನ್ನು ಒಟ್ಟಿಗೆ ತಂದ ಅತ್ಯುತ್ತಮ ಉದಾಹರಣೆ ಬೆಂಗಳೂರಿನಲ್ಲೇ ಇದೆ. ಸಾಮಾನ್ಯವಾಗಿ ಕೇಂದ್ರ ಸರ್ಕಾರದ ಇಲಾಖೆಯ ಕಾರ್ಯದರ್ಶಿ ಐಎಎಸ್ ಅಧಿಕಾರಿ, ವಿಜ್ಞಾನಿಗಳು ಅವರ ಕೆಳಗೆ ಸಲಹೆ ಕೊಡುವವರು. ಹೋಮಿ ಭಾಭಾ ಈ ಕ್ರಮವನ್ನು ಒಪ್ಪಲಿಲ್ಲ. 1954ರಲ್ಲಿ ಅಣುಶಕ್ತಿ ಇಲಾಖೆ ಹುಟ್ಟಿದಾಗ ವಿಜ್ಞಾನಿಯಾದ ಅವರೇ ಅದರ ಕಾರ್ಯದರ್ಶಿಯಾದರು. 1972ರಲ್ಲಿ ಬಾಹ್ಯಾಕಾಶ ಇಲಾಖೆ ಸ್ಥಾಪನೆಯಾದಾಗಲೂ ಅದೇ ಮಾದರಿ. ಇಸ್ರೋ ಅಧ್ಯಕ್ಷರಾಗುವವರೇ ಬಾಹ್ಯಾಕಾಶ ಇಲಾಖೆಯ ಕಾರ್ಯದರ್ಶಿ, ಬಾಹ್ಯಾಕಾಶ ಆಯೋಗದ ಅಧ್ಯಕ್ಷರೂ ಅವರೇ. ಸತೀಶ್ ಧವನ್, ಆಮೇಲೆ ಉಡುಪಿ ಜಿಲ್ಲೆಯ ಅದಮಾರಿನಿಂದ ಬಂದ ಯು.ಆರ್. ರಾವ್, ಹೀಗೆ ಒಬ್ಬರಾದ ಮೇಲೆ ಒಬ್ಬರು ಅದೇ ಮೂರು ಹೊಣೆ ಹೊತ್ತರು. ಕಡತ ದೆಹಲಿಗೆ ಹೋಗಿ, ರಾಕೆಟ್ಟಿನ ಗಂಧಗಾಳಿ ಇಲ್ಲದವರ ಮೇಜಿನ ಮೇಲೆ ತಿಂಗಳುಗಟ್ಟಲೆ ಕೂರುವ ತೊಂದರೆ ಇಲ್ಲಿ ತಪ್ಪಿತು. ಹಾಗೆಂದು ಹೊಣೆಗಾರಿಕೆಯ ಕೊಂಡಿ ಕಡಿದುಹೋಗಲಿಲ್ಲ: ಇಲಾಖೆ ನೇರವಾಗಿ ಪ್ರಧಾನಿಯ ಅಡಿಯಲ್ಲಿದೆ, ಅದರ ಬಜೆಟ್ಟು ಸಂಸತ್ತಿನ ಮುಂದೆ ಬರುತ್ತದೆ. ಇನ್ನೊಂದು ಮಾತೂ ಇದೆ. ಉಪಗ್ರಹ ಕಕ್ಷೆ ಸೇರಿತೋ ಇಲ್ಲವೋ ಎಂಬುದು ಎಲ್ಲರಿಗೂ ಕಾಣುತ್ತದೆ. ಗೆದ್ದದ್ದು ಸೋತದ್ದು ಇಷ್ಟು ಸ್ಪಷ್ಟವಾಗಿ ತಿಳಿಯುವ ಕ್ಷೇತ್ರಗಳಲ್ಲಿ ತಜ್ಞರ ಕೈಗೆ ಅಧಿಕಾರ ಕೊಡುವುದು ಸುಲಭ. ಪಿಂಚಣಿ, ಪಡಿತರ, ಮೀಸಲಾತಿಗಳಲ್ಲಿ ಆ ಸ್ಪಷ್ಟತೆ ಇಲ್ಲ.

ಪಿಂಚಣಿ ಎಂದಾಗ ಇಟಲಿಯ ಮಾತು ಬಂದೇ ಬರುತ್ತದೆ. ‘ತಜ್ಞರ ಸರ್ಕಾರ’ ಎಂಬುದನ್ನು ಅತಿ ಹೆಚ್ಚು ಸಲ ಪ್ರಯೋಗಿಸಿ ನೋಡಿದ ದೇಶಗಳಲ್ಲಿ ಅದೊಂದು. 2011ರ ನವೆಂಬರ್‌ನಲ್ಲಿ ಇಟಲಿ ಸರ್ಕಾರದ ಹತ್ತು ವರ್ಷದ ಸಾಲಪತ್ರಗಳ ಬಡ್ಡಿ ಶೇ 7 ದಾಟಿತು. ಪ್ರಧಾನಿ ಸಿಲ್ವಿಯೊ ಬೆರ್ಲುಸ್ಕೋನಿ ರಾಜೀನಾಮೆ ಕೊಟ್ಟರು. ಅಧ್ಯಕ್ಷ ಜಾರ್ಜಿಯೊ ನಾಪೊಲಿಟಾನೊ ಅರ್ಥಶಾಸ್ತ್ರದ ಪ್ರಾಧ್ಯಾಪಕ, ಐರೋಪ್ಯ ಆಯೋಗದ ಮಾಜಿ ಸದಸ್ಯ ಮಾರಿಯೊ ಮೊಂಟಿಯವರನ್ನು ಮೊದಲು ಆಜೀವ ಸೆನೆಟರ್ ಆಗಿ ನೇಮಿಸಿ, ಕೆಲವೇ ದಿನಗಳಲ್ಲಿ ಪ್ರಧಾನಿ ಮಾಡಿದರು. ಸಂಪುಟದಲ್ಲಿ ಒಬ್ಬರೂ ಪಕ್ಷದವರಿರಲಿಲ್ಲ. ಪ್ರಾಧ್ಯಾಪಕರು, ಬ್ಯಾಂಕಿನವರು, ಅಧಿಕಾರಿಗಳೇ ತುಂಬಿದ್ದರು. ಆದರೂ ಸಂಸತ್ತಿನ ವಿಶ್ವಾಸಮತ ಬೇಕೇಬೇಕು. ಎದುರುಬದುರು ಕೂತು ಜಗಳವಾಡುತ್ತಿದ್ದ ದೊಡ್ಡ ಪಕ್ಷಗಳೇ ಕೈ ಎತ್ತಿ ಬೆಂಬಲ ಕೊಟ್ಟವು. ಇಂಥ ಸರ್ಕಾರ ನಡೆಯುವ ಬಗೆಯೇ ಇದು: ಕಹಿ ನಿರ್ಧಾರವನ್ನು ತಜ್ಞರು ಮಾಡುತ್ತಾರೆ, ಪಕ್ಷಗಳು ಮತ ಹಾಕುತ್ತವೆ, ಅಪವಾದ ಮಾತ್ರ ತಜ್ಞರ ತಲೆಗೆ ಬರುತ್ತದೆ.

ಕಾರ್ಮಿಕ ಸಚಿವೆ ಎಲ್ಸಾ ಫೊರ್ನೆರೊ ಪಿಂಚಣಿ ವಿಷಯವನ್ನೇ ಜೀವಮಾನವಿಡೀ ಅಧ್ಯಯನ ಮಾಡಿದ ಅರ್ಥಶಾಸ್ತ್ರಜ್ಞೆ. ಡಿಸೆಂಬರ್ 4ರಂದು ನಿವೃತ್ತಿ ವಯಸ್ಸು ಏರಿಸುವ ಸುಧಾರಣೆಯನ್ನು ಪತ್ರಿಕಾಗೋಷ್ಠಿಯಲ್ಲಿ ವಿವರಿಸುತ್ತಾ ‘ತ್ಯಾಗ’ ಎಂಬ ಪದದ ಹತ್ತಿರ ಬಂದಾಗ ಗಂಟಲು ಕಟ್ಟಿ, ಕಣ್ಣೀರು ಬಂದು ಮಾತು ನಿಂತಿತು. ಪಕ್ಕದಲ್ಲಿದ್ದ ಮೊಂಟಿಯೇ ಮುಂದುವರಿಸಬೇಕಾಯಿತು. ತಜ್ಞರಿಗೆ ಹೃದಯವಿಲ್ಲ ಎನ್ನುವವರು ಆ ದೃಶ್ಯವನ್ನು ನೋಡಬೇಕು. ಹಾಗೆಯೇ ತಜ್ಞರು ತಪ್ಪು ಮಾಡುವುದಿಲ್ಲ ಎನ್ನುವವರು ಆಮೇಲೆ ನಡೆದದ್ದನ್ನೂ ನೋಡಬೇಕು. ಒಂದೆರಡು ವರ್ಷದಲ್ಲಿ ಪಿಂಚಣಿ ಬರುತ್ತದೆ ಎಂಬ ಭರವಸೆಯಲ್ಲಿ, ಕಂಪನಿಯ ಜೊತೆ ಒಪ್ಪಂದ ಮಾಡಿಕೊಂಡು ಕೆಲಸ ಬಿಟ್ಟಿದ್ದ ಕಾರ್ಮಿಕರು ರಾತ್ರೋರಾತ್ರಿ ನಡುನೀರಿನಲ್ಲಿ ಸಿಕ್ಕಿಕೊಂಡರು. ಸಂಬಳ ನಿಂತಿತ್ತು, ಪಿಂಚಣಿ ಹಲವು ವರ್ಷ ದೂರ ಸರಿದಿತ್ತು. ಇಂಥವರು 65,000 ಮಂದಿ ಎಂಬ ಲೆಕ್ಕದ ಮೇಲೆ ಸರ್ಕಾರ ಪರಿಹಾರ ಸಿದ್ಧಪಡಿಸಿತು. ಅದೇ ದೇಶದ ಪಿಂಚಣಿ ಸಂಸ್ಥೆಯ ಲೆಕ್ಕದಲ್ಲಿ ಆ ಸಂಖ್ಯೆ ಮೂರೂಮುಕ್ಕಾಲು ಲಕ್ಷವನ್ನೂ ದಾಟಿತ್ತು. ಊರೂರು ಸುತ್ತುವ ಶಾಸಕರಿಗಾದರೆ ಯಾರ ಮನೆಯಲ್ಲಿ ಏನಾಗುತ್ತದೆ ಎಂಬ ಸುದ್ದಿ ಮೊದಲೇ ಮುಟ್ಟಿರುತ್ತಿತ್ತೇನೋ. 2013ರ ಚುನಾವಣೆಗೆ ಮೊಂಟಿ ಸ್ವತಃ ಮೈತ್ರಿಕೂಟ ಕಟ್ಟಿಕೊಂಡು ಹೋದಾಗ ಸಿಕ್ಕಿದ್ದು ಸುಮಾರು ಹತ್ತನೆಯ ಒಂದು ಪಾಲು ಮತ.

ನಮ್ಮ ಸಂವಿಧಾನ ಇಂಥ ಪೂರ್ತಿ ತಜ್ಞರ ಸರ್ಕಾರಕ್ಕೆ ದಾರಿ ಬಿಟ್ಟಿಲ್ಲ, ಒಬ್ಬೊಬ್ಬ ತಜ್ಞರಿಗೆ ಬಾಗಿಲು ತೆರೆದಿಟ್ಟಿದೆ. ಸಂಸತ್ತಿನ ಸದಸ್ಯರಲ್ಲದವರೂ ಸಚಿವರಾಗಬಹುದು, ಆರು ತಿಂಗಳೊಳಗೆ ಯಾವುದಾದರೊಂದು ಸದನಕ್ಕೆ ಬರಬೇಕು ಎನ್ನುತ್ತದೆ 75(5)ನೇ ವಿಧಿ. ರಾಜ್ಯಗಳಿಗೆ ಇದೇ ಮಾತನ್ನು 164(4)ನೇ ವಿಧಿ ಹೇಳುತ್ತದೆ. 1991ರ ಜೂನ್‌ನಲ್ಲಿ ಮನಮೋಹನ್ ಸಿಂಗ್ ಹಣಕಾಸು ಸಚಿವರಾದದ್ದು ಈ ಬಾಗಿಲಿನಿಂದಲೇ. ಮುಖ್ಯ ಆರ್ಥಿಕ ಸಲಹೆಗಾರ, ರಿಸರ್ವ್ ಬ್ಯಾಂಕ್ ಗವರ್ನರ್ ಹುದ್ದೆಗಳನ್ನು ದಾಟಿ ಬಂದಿದ್ದ ಅವರು ಅಸ್ಸಾಂನಿಂದ ರಾಜ್ಯಸಭೆಗೆ ಬಂದದ್ದು ಅಕ್ಟೋಬರ್‌ನಲ್ಲಿ. ಆ ಕ್ಷಣದ ಮನಮೋಹನ್ ಸಿಂಗ್ ಟೆಕ್ನೋಕ್ರಾಟ್. 2004ರಲ್ಲಿ ಪಕ್ಷವೊಂದರ ಆಯ್ಕೆಯಾಗಿ ಪ್ರಧಾನಿಯಾದ ಮನಮೋಹನ್ ಸಿಂಗ್ ಅವರಿಗೆ ಅದೇ ಪದ ಹಚ್ಚಬೇಕೇ ಎಂಬುದು ಚರ್ಚೆಗೆ ಬಿಟ್ಟದ್ದು. ನಾನಾದರೆ ಹಚ್ಚುವುದಿಲ್ಲ.

ಇದರಿಂದ ಬಳಕೆಯ ಒಂದು ಉಪಯುಕ್ತ ಸೂತ್ರ ಸಿಗುತ್ತದೆ: ಈ ಪದ ವ್ಯಕ್ತಿಗೆ ಅಂಟಿಕೊಂಡದ್ದಲ್ಲ, ಆ ಹೊತ್ತಿನ ಸ್ಥಾನಕ್ಕೆ ಸೇರಿದ್ದು. ನಂದನ್ ನಿಲೇಕಣಿಯವರನ್ನೇ ತೆಗೆದುಕೊಳ್ಳಿ. ಇನ್ಫೊಸಿಸ್ ಸಂಸ್ಥಾಪಕರಲ್ಲೊಬ್ಬರಾಗಿ ಅವರು ಉದ್ಯಮಿ. 2009ರಲ್ಲಿ ಸಂಪುಟ ದರ್ಜೆಯ ಸ್ಥಾನಮಾನದೊಂದಿಗೆ ಆಧಾರ್ ಪ್ರಾಧಿಕಾರದ ಅಧ್ಯಕ್ಷರಾದಾಗ ಟೆಕ್ನೋಕ್ರಾಟ್. 2014ರಲ್ಲಿ ಬೆಂಗಳೂರು ದಕ್ಷಿಣದಿಂದ ಲೋಕಸಭೆಗೆ ಸ್ಪರ್ಧಿಸಿ ಅನಂತಕುಮಾರ್ ಅವರೆದುರು ಸೋತಾಗ ರಾಜಕಾರಣಿ. ಓದು, ಬುದ್ಧಿ, ಅನುಭವ ಮೂರೂ ಸಲ ಅವೇ. ನಮ್ಮ ಪತ್ರಿಕೆಗಳು ತಂತ್ರಜ್ಞಾನ ಕಂಪನಿ ಕಟ್ಟಿದವರನ್ನೆಲ್ಲ ಟೆಕ್ನೋಕ್ರಾಟ್ ಎಂದು ಕರೆಯುವ ರೂಢಿ ಇದೆ. ಸರ್ಕಾರದ ಅಧಿಕಾರ ಕೈಯಲ್ಲಿಲ್ಲದವರಿಗೆ ಆ ಪದ ಬಳಸದಿರುವುದೇ ಒಳ್ಳೆಯದು. ಟೆಕ್ಕಿ ಎಂಬುದಂತೂ ಬೇರೆಯೇ ಪದ, ಅದು ಸಾಫ್ಟ್‌ವೇರ್ ನೌಕರರಿಗೆ ಬೆಂಗಳೂರು ಇಟ್ಟ ಹೆಸರು.

ಐಎಎಸ್ ಅಧಿಕಾರಿಗಳನ್ನು ಯಾಕೆ ಟೆಕ್ನೋಕ್ರಾಟ್ ಎನ್ನಬಾರದು ಎಂಬ ಪ್ರಶ್ನೆ ಉಳಿಯಿತು. ಇವತ್ತು ಮೀನುಗಾರಿಕೆ, ನಾಳೆ ಸಾರಿಗೆ, ನಾಡಿದ್ದು ಶಿಕ್ಷಣ ಎಂದು ವರ್ಗವಾಗುವ ಅವರ ಬಲ ಆಡಳಿತದ ಅನುಭವದ್ದು, ಒಂದು ಕ್ಷೇತ್ರದ ಪರಿಣತಿಯದ್ದಲ್ಲ. ಇದು ಸಾಕೇ ಎಂದು ಕೇಳಿದ ಎರಡು ದೊಡ್ಡ ಆಯೋಗಗಳಿಗೂ ಕರ್ನಾಟಕದ ಮಾಜಿ ಮುಖ್ಯಮಂತ್ರಿಗಳು ಅಧ್ಯಕ್ಷರಾಗಿದ್ದರು ಎಂಬುದನ್ನು ಕನ್ನಡಿಗರು ನೆನಪಿಡಬೇಕು. ಮೊದಲ ಆಡಳಿತ ಸುಧಾರಣಾ ಆಯೋಗವನ್ನು ಮೊರಾರ್ಜಿ ದೇಸಾಯಿಯವರ ನಂತರ ಕೆ. ಹನುಮಂತಯ್ಯ ನಡೆಸಿದರು. ಹಿರಿಯ ಹುದ್ದೆಗಳನ್ನು ವಿಷಯವಾರು ಕ್ಷೇತ್ರಗಳಾಗಿ ವಿಂಗಡಿಸಿ, ಆಯಾ ಕ್ಷೇತ್ರದಲ್ಲಿ ಪಳಗಿದವರಿಗೇ ಕೊಡಬೇಕೆಂದು ಅದು ಹೇಳಿತು. 2005ರಲ್ಲಿ ರಚನೆಯಾದ ಎರಡನೆಯ ಆಯೋಗಕ್ಕೆ ವೀರಪ್ಪ ಮೊಯಿಲಿ ಅಧ್ಯಕ್ಷರು. ಆ ಆಯೋಗವೂ ಪರಿಣತಿಯತ್ತಲೇ ಬೆರಳು ತೋರಿತು.

2018ರಲ್ಲಿ ಕೇಂದ್ರ ಸರ್ಕಾರ ಜಂಟಿ ಕಾರ್ಯದರ್ಶಿ ಹಂತದ ಹತ್ತು ಹುದ್ದೆಗಳಿಗೆ ಹೊರಗಿನ ಪರಿಣತರಿಂದ ಅರ್ಜಿ ಕರೆಯಿತು. ಇದನ್ನೇ ಲ್ಯಾಟರಲ್ ಎಂಟ್ರಿ ಎನ್ನುವುದು. 2024ರ ಆಗಸ್ಟ್‌ನಲ್ಲಿ ಇಂಥ 45 ಹುದ್ದೆಗಳಿಗೆ ಯುಪಿಎಸ್‌ಸಿ ಜಾಹೀರಾತು ಹೊರಟಾಗ, ಇದರಲ್ಲಿ ಮೀಸಲಾತಿ ಎಲ್ಲಿದೆ ಎಂಬ ಪ್ರಶ್ನೆ ದೇಶದಾದ್ಯಂತ ಎದ್ದಿತು. ಕೆಲವೇ ದಿನಗಳಲ್ಲಿ ಜಾಹೀರಾತು ರದ್ದಾಯಿತು. ಮೈಸೂರಿನಲ್ಲಿ 1918ರಲ್ಲಿ ಎದ್ದದ್ದು ಇದೇ ಪ್ರಶ್ನೆ. ಪರಿಣತಿ ಸಂಪಾದಿಸುವ ಅವಕಾಶ ಎಲ್ಲರಿಗೂ ಸಮನಾಗಿ ಸಿಗದ ಸಮಾಜದಲ್ಲಿ, ಪರಿಣತರ ಪಟ್ಟಿ ತಯಾರಿಸಿದ ಕೂಡಲೇ ಅದರಲ್ಲಿ ಯಾರಿಲ್ಲ ಎಂಬುದೂ ಎದ್ದು ಕಾಣುತ್ತದೆ. ಇದಕ್ಕೆ ಪರಿಣತಿಯನ್ನು ತಳ್ಳಿಹಾಕುವುದು ಪರಿಹಾರವಲ್ಲ ಎಂದು ನಾನು ಬಲವಾಗಿ ನಂಬುತ್ತೇನೆ. ಪಟ್ಟಿಯನ್ನು ಅಗಲ ಮಾಡುವ ಕೆಲಸ ಕಾಲೇಜು, ವಿಶ್ವವಿದ್ಯಾಲಯಗಳಿಂದಲೇ ಆರಂಭವಾಗಬೇಕು.

ಇನ್ನು ಕನ್ನಡದಲ್ಲಿ ಬರೆಯುವವರಿಗೆ ಎರಡು ಮಾತು. ಹಿರಿಯ ಅಧಿಕಾರಿಗಳಿಗೆ ಇಂಗ್ಲಿಷ್ ಪತ್ರಿಕೆಗಳು ‘ಮ್ಯಾಂಡರಿನ್’ ಎಂಬ ಪದವನ್ನೂ ಬಳಸುತ್ತವೆ. ಚೀನಾದಲ್ಲಿ ಪರೀಕ್ಷೆ ಬರೆದು ಅಧಿಕಾರಕ್ಕೆ ಬರುತ್ತಿದ್ದ ಆಸ್ಥಾನದ ಅಧಿಕಾರಿಗಳಿಗೆ ಪೋರ್ಚುಗೀಸರು ಇಟ್ಟ ಹೆಸರು ಅದು. ಮಲಯ ಭಾಷೆಯ ‘ಮೆಂತರಿ’ಯಿಂದ ಅವರಿಗೆ ಸಿಕ್ಕಿತು, ಮಲಯಕ್ಕೆ ಹೋದದ್ದು ಸಂಸ್ಕೃತದ ‘ಮಂತ್ರಿ’ಯಿಂದ. ಅದನ್ನು ಕನ್ನಡಕ್ಕೆ ತರುವಾಗ ‘ಹಿರಿಯ ಅಧಿಕಾರಿ’ ಎಂದರೆ ಸಾಕು, ಟೆಕ್ನೋಕ್ರಾಟ್ ಎಂದು ಮಾಡಬಾರದು. ಟೆಕ್ನೋಕ್ರಾಟ್‌ಗೆ ‘ತಂತ್ರಜ್ಞ’ ಎಂದು ಬರೆಯುವುದೂ ದಾರಿ ತಪ್ಪಿಸುತ್ತದೆ, ಏಕೆಂದರೆ ಜೈಶಂಕರ್ ರಾಜತಾಂತ್ರಿಕರು, ಫೊರ್ನೆರೊ ಅರ್ಥಶಾಸ್ತ್ರಜ್ಞೆ, ಇಬ್ಬರೂ ತಂತ್ರಜ್ಞರಲ್ಲ. ‘ತಜ್ಞ ಆಡಳಿತಗಾರ’ ಎಂಬುದು ಅರ್ಥಕ್ಕೆ ಹತ್ತಿರ, ಓದುಗರಿಗೆ ತೊಡಕೂ ಇಲ್ಲ. ಅಂಥವರೇ ತುಂಬಿದ ಸಂಪುಟಕ್ಕೆ ‘ತಜ್ಞರ ಸರ್ಕಾರ’ ಎನ್ನಬಹುದು. ಸುದ್ದಿಯಲ್ಲಿ ಮೊದಲ ಸಲ ಬಳಸುವಾಗ ಯಾವ ವಿಷಯದಲ್ಲಿ ತಜ್ಞರು, ಯಾರು ನೇಮಿಸಿದರು, ಯಾವ ಸದನದ ಸದಸ್ಯರು ಎಂಬುದನ್ನು ಅದೇ ವಾಕ್ಯದಲ್ಲೋ ಮುಂದಿನದರಲ್ಲೋ ಸೇರಿಸಿದರೆ, ಆ ಪದ ಸಲ್ಲುತ್ತದೆಯೇ ಎಂದು ಓದುಗರೇ ತೂಗಿ ನೋಡಬಲ್ಲರು.